ಬದುವಿನ ತಕರಾರು: ಅಳತೆ ಮೊದಲು, ದಾವೆ ಆಮೇಲೆ

ಕಾರಹುಣ್ಣಿಮೆ ಸಮೀಪಿಸಿ, ಮೊದಲ ಹದಮಳೆ ಬಿದ್ದು, ಹೊಲಗಳಲ್ಲಿ ಕುಂಟೆ ಹೊಡೆಯುವ ಕೆಲಸ ಆರಂಭವಾಗುವ ಹೊತ್ತಿಗೆ ಈ ಅಂಕಣಕ್ಕೆ ಬರುವ ಪತ್ರಗಳಲ್ಲಿ ಒಂದು ಬಗೆಯವು ತಪ್ಪದೆ ಹೆಚ್ಚಾಗುತ್ತವೆ. ಪಕ್ಕದ ಹೊಲದವರು ಬದು ಹರಗಿ ತಮ್ಮ ಸಾಲಿಗೆ ಸೇರಿಸಿಕೊಂಡರೆಂದು ಒಬ್ಬರು ಬರೆಯುತ್ತಾರೆ. ನೆರೆಮನೆಯವರು ತಮ್ಮ ಹಿತ್ತಲ ಗೋಡೆಯನ್ನು ನಮ್ಮ ಜಾಗದಲ್ಲಿ ಎಬ್ಬಿಸುತ್ತಿದ್ದಾರೆಂದು ಮತ್ತೊಬ್ಬರು ಬರೆಯುತ್ತಾರೆ. ಎಲ್ಲರ ಪತ್ರದ ಕೊನೆಗೂ ಇರುವ ಪ್ರಶ್ನೆ ಒಂದೇ: "ನಾವು ಕೋರ್ಟಿಗೆ ಹೋಗಬೇಕೆ?"

ಹೋಗಬಾರದೆಂದು ನಾವು ಹೇಳುವುದಿಲ್ಲ. ನ್ಯಾಯಾಲಯಗಳು ಇರುವುದೇ ಬಡಿಗೆ ಕುಡುಗೋಲುಗಳ ಕೈಗೆ ತೀರ್ಮಾನವನ್ನು ಕೊಡದಿರಲೆಂದು. ಆದರೆ ಹೋಗುವವರು ಏನನ್ನು ಕೇಳಲು ಹೋಗುತ್ತಿದ್ದೇವೆಂಬುದನ್ನು ಮೊದಲು ಅರಿತಿರಬೇಕು. ನ್ಯಾಯಾಲಯವು ನಾವು ಕೇಳಿದ ಪ್ರಶ್ನೆಗೆ ಮಾತ್ರ ಉತ್ತರ ಕೊಡುತ್ತದೆ. ನಮ್ಮ ಮನಸ್ಸಿನಲ್ಲಿರುವ ಪ್ರಶ್ನೆಗಲ್ಲ. ಈ ಮಾತನ್ನು ನಾವು ಪುಸ್ತಕದಿಂದ ಕಲಿತದ್ದಲ್ಲ, ನಮ್ಮ ಮನೆಯ ಅನುಭವದಿಂದ ಕಲಿತದ್ದು. ಅದನ್ನೇ ಮೊದಲು ಹೇಳುತ್ತೇವೆ.

ನಮ್ಮ ತಂದೆಯವರ ಹೊಲಕ್ಕೂ ನೆರೆಹೊಲಕ್ಕೂ ನಡುವೆ ಸುಮಾರು ಆರುನೂರು ಅಡಿ ಉದ್ದದ ಬದು ಇದ್ದಿತು. ಆ ಹೊಲದ ಹಿರಿಯರನ್ನು ಮನೆಯ ಮಕ್ಕಳಾದ ನಾವೆಲ್ಲರೂ 'ದೊಡ್ಡಪ್ಪ' ಎಂದೇ ಕರೆಯುತ್ತಿದ್ದೆವು. ರಕ್ತಸಂಬಂಧವೇನೂ ಇರಲಿಲ್ಲ; ಎರಡು ತಲೆಮಾರುಗಳಿಂದ ಕೊಡು ಕೊಳ್ಳುವ ನಂಟಿತ್ತು. ನಮ್ಮ ಊರಿನದು ಸವಳು ನೀರು. ದೊಡ್ಡಪ್ಪನವರ ಹೊಲದ ಬಾವಿಯದು ಸಿಹಿನೀರು. ನಮ್ಮ ತಾಯಿಯವರು ನಿತ್ಯ ಎರಡು ಕೊಡ ನೀರನ್ನು ಅಲ್ಲಿಂದಲೇ ತರುತ್ತಿದ್ದರು. ಒಂದು ವರ್ಷ ಬದುವಿನ ಮಗ್ಗುಲಲ್ಲಿ ದೊಡ್ಡಪ್ಪನವರ ಮಕ್ಕಳು ಬಿತ್ತಿದ ಸಾಲುಗಳು ನಮ್ಮ ಕಡೆಗೆ ಸರಿದಿವೆಯೆಂದು ನಮ್ಮ ತಂದೆಯವರಿಗೆ ತೋರಿತು. ಅಗಲ ಹತ್ತು ಹನ್ನೊಂದು ಅಡಿ, ಲೆಕ್ಕಕ್ಕೆ ಸುಮಾರು ಆರು ಗುಂಟೆ. ಮಾತಿಗೆ ಮಾತು ಬೆಳೆಯಿತು. 1981ರಲ್ಲಿ ನಮ್ಮ ತಂದೆಯವರು ತಾಲ್ಲೂಕಿನ ನ್ಯಾಯಾಲಯದಲ್ಲಿ ದಾವೆ ಹೂಡಿದರು. "ಈ ಜಾಗ ನನ್ನ ಕಬ್ಜೆಯಲ್ಲಿದೆ, ಪ್ರತಿವಾದಿಯು ಅದರಲ್ಲಿ ಕೈಹಾಕದಂತೆ ಶಾಶ್ವತ ಪ್ರತಿಬಂಧಕಾಜ್ಞೆ ಕೊಡಬೇಕು" ಎಂಬುದಷ್ಟೇ ಅವರ ಬೇಡಿಕೆಯಾಗಿತ್ತು.

ಸಾಕ್ಷಿಗಳು ನುಡಿದರು, ವಾಯಿದೆಗಳು ಬಿದ್ದವು. 1987ರಲ್ಲಿ ದಾವೆ ವಜಾ ಆಯಿತು. ಕಾರಣ ಸರಳವಾಗಿತ್ತು: ದಾವೆಯ ದಿನ ಆ ಆರು ಗುಂಟೆಯನ್ನು ಉಳುತ್ತಿದ್ದವರು ಪ್ರತಿವಾದಿಗಳು. ವಶದಲ್ಲಿಯೇ ಇಲ್ಲದವನಿಗೆ ವಶವನ್ನು ರಕ್ಷಿಸುವ ಆಜ್ಞೆ ಹೇಗೆ ದೊರೆತೀತು? ಮೇಲ್ಮನವಿಯೂ 1992ರಲ್ಲಿ ಅದೇ ಕಾರಣದಿಂದ ವಜಾ ಆಯಿತು. ಹನ್ನೊಂದು ವರ್ಷ ನಡೆದ ಈ ವ್ಯಾಜ್ಯದಲ್ಲಿ ಒಮ್ಮೆಯಾದರೂ ಆ ಹೊಲದ ಮೇಲೆ ಸರಪಳಿ ಬೀಳಲಿಲ್ಲ. ಗೆರೆ ಎಲ್ಲಿದೆಯೆಂದು ಯಾರೂ ಕೇಳಲಿಲ್ಲ. ಕೇಳದ್ದಕ್ಕೆ ನ್ಯಾಯಾಲಯ ಉತ್ತರಿಸಲಿಲ್ಲ. ಆ ಹನ್ನೊಂದು ವರ್ಷವೂ ನಮ್ಮ ತಾಯಿಯವರು ಒಂದು ಮೈಲು ದೂರದ ಕೆರೆಯಿಂದ ನೀರು ಹೊತ್ತರು. ಬಾವಿಗೆ ಬರಬೇಡವೆಂದು ಆ ಮನೆಯವರು ಅಂದವರಲ್ಲ. ಹೋಗಬೇಡವೆಂದವರು ನಮ್ಮ ತಂದೆಯವರೇ. 1990ರಲ್ಲಿ ದೊಡ್ಡಪ್ಪನವರು ತೀರಿಕೊಂಡಾಗ ನಮ್ಮ ತಂದೆಯವರು ಮಣ್ಣಿಗೆ ಹೋಗಲಿಲ್ಲ.

ಮೂರು ಪ್ರಶ್ನೆಗಳು

ಗಡಿಯ ಜಗಳವೆಂದು ನಾವು ಒಂದೇ ಹೆಸರಿನಿಂದ ಕರೆಯುವ ವ್ಯಾಜ್ಯದೊಳಗೆ ಮೂರು ಬೇರೆ ಬೇರೆ ಪ್ರಶ್ನೆಗಳು ಅಡಗಿರುತ್ತವೆ. ಒಂದು, ಗೆರೆ ಎಲ್ಲಿದೆ? ಇಬ್ಬರ ಹಕ್ಕನ್ನೂ ಇಬ್ಬರೂ ಒಪ್ಪುತ್ತಾರೆ. ನೆಲದ ಮೇಲೆ ಅದರ ಎಲ್ಲೆ ಮಾತ್ರ ತಿಳಿಯದು. ಎರಡು, ಹಕ್ಕು ಯಾರದು? ಗೆರೆ ಗೊತ್ತಿದೆ, ಆದರೆ ಗೆರೆಯ ಈಚೆಗಿನ ತುಂಡನ್ನು ತಾನು ಕೊಂಡಿದ್ದೇನೆಂದೋ, ತನಗೆ ವಾಟಣಿಯಲ್ಲಿ ಬಂದಿದೆಯೆಂದೋ ಎದುರಾಳಿ ಹೇಳುತ್ತಾನೆ. ಮೂರು, ಇಂದು ವಶದಲ್ಲಿರುವವರು ಯಾರು? ಈ ಮೂರಕ್ಕೂ ಪರಿಹಾರದ ದಾರಿ ಬೇರೆ, ಕಚೇರಿ ಬೇರೆ, ಪುರಾವೆ ಬೇರೆ. ನಮ್ಮ ತಂದೆಯವರು ಮನಸ್ಸಿನಲ್ಲಿ ಮೊದಲನೆಯ ಪ್ರಶ್ನೆಯನ್ನಿಟ್ಟುಕೊಂಡು ಕಾಗದದಲ್ಲಿ ಮೂರನೆಯದನ್ನು ಕೇಳಿದರು. ಬಹುಮಂದಿ ಇಂದಿಗೂ ಹಾಗೆಯೇ ಮಾಡುತ್ತಾರೆ.

ಆದುದರಿಂದ ವಕೀಲರ ಮನೆಯ ಮೆಟ್ಟಿಲು ಹತ್ತುವ ಮೊದಲು ಮಾಡಬೇಕಾದ ಕೆಲಸ ಅಳತೆ.

ಹೊಲದ ಅಳತೆ

ಅಂದಿನ ಮುಂಬಯಿ ಪ್ರಾಂತಕ್ಕೆ ಸೇರಿದ್ದ ನಮ್ಮ ಧಾರವಾಡ, ಬೆಳಗಾವಿ, ವಿಜಯಪುರ ಸೀಮೆಗಳಲ್ಲಿ ಹೊಲಹೊಲಕ್ಕೂ ಸರ್ವೆ ನಂಬರು ಕೊಟ್ಟು ಕಲ್ಲು ನೆಟ್ಟ ಪದ್ಧತಿ ಹತ್ತೊಂಬತ್ತನೆಯ ಶತಮಾನದ್ದು. ಗೋಲ್ಡ್‌ಸ್ಮಿಡ್, ವಿಂಗೇಟ್ ಮೊದಲಾದ ಅಧಿಕಾರಿಗಳ 1847ರ ಜಂಟಿ ವರದಿಯಿಂದ ಅದು ಸ್ಥಿರಗೊಂಡಿತು. ಆ ಕಾಲದ ಸರಪಳಿ 33 ಅಡಿಯದು. ಅದಕ್ಕೆ 16 ಆಣೆ. 33 ಅಡಿ ಉದ್ದ, 33 ಅಡಿ ಅಗಲದ ನೆಲ ಒಂದು ಗುಂಟೆ, ಅಂದರೆ 1,089 ಚದರ ಅಡಿ. ಅಂತಹ 40 ಗುಂಟೆಗೆ ಒಂದು ಎಕರೆ. ಈ ಲೆಕ್ಕವನ್ನು ಓದುಗರು ನೆನಪಿನಲ್ಲಿಡುವುದು ಲೇಸು. 20 ಸರಪಳಿ, ಎಂದರೆ 660 ಅಡಿ ಉದ್ದದ ಬದು ಒಂದೇ ಆಣೆಯಷ್ಟು, ಎಂದರೆ ಸುಮಾರು ಎರಡು ಅಡಿಯಷ್ಟು ಸರಿದರೆ ಹೋಗುವ ನೆಲ ಒಂದೂಕಾಲು ಗುಂಟೆ. ವರ್ಷಕ್ಕೊಂದು ಸಾಲು ಹರಗುತ್ತ ಬಂದರೆ ಯಾರ ಮನಸ್ಸಿನಲ್ಲಿಯೂ ಕಪಟವಿಲ್ಲದೆಯೇ ಹತ್ತು ವರ್ಷದಲ್ಲಿ ಬದು ಎಷ್ಟು ನಡೆದುಬಿಡುತ್ತದೆಂಬುದನ್ನು ಊಹಿಸಬಹುದು.

ಪಹಣಿಯಲ್ಲಿ, ಎಂದರೆ ಆರ್.ಟಿ.ಸಿ.ಯಲ್ಲಿ, ನಿಮ್ಮ ಹೆಸರು ಮತ್ತು ಕ್ಷೇತ್ರ ಇರುತ್ತವೆ, ಗೆರೆ ಇರುವುದಿಲ್ಲ. 1964ರ ಕರ್ನಾಟಕ ಭೂಕಂದಾಯ ಅಧಿನಿಯಮದ 133ನೆಯ ಕಲಮಿನ ಪ್ರಕಾರ ಹಕ್ಕುದಾಖಲೆಯ ನಮೂದುಗಳನ್ನು ವಿರುದ್ಧವಾದುದು ಸಿದ್ಧವಾಗುವವರೆಗೆ ನಿಜವೆಂದು ಭಾವಿಸಬೇಕು. ಆದರೂ ಪಹಣಿಯೇ ಒಡೆತನದ ಪತ್ರವಲ್ಲವೆಂದು ನ್ಯಾಯಾಲಯಗಳು ಮತ್ತೆ ಮತ್ತೆ ಹೇಳಿವೆ. ಗೆರೆಯನ್ನು ತಿಳಿಯಬೇಕಾದರೆ ಭೂಮಾಪನ ಇಲಾಖೆಯಲ್ಲಿರುವ ಮೂಲ ಟಿಪ್ಪಣಿ ಮತ್ತು ಆಕಾರಬಂದ್ ನೋಡಬೇಕು. ಇವುಗಳ ದೃಢೀಕೃತ ನಕಲನ್ನು ಪಡೆಯಲು ಖಾತೆದಾರನಿಗೆ ಅಡ್ಡಿಯಿಲ್ಲ.

ನಕಲು ಕೈಸೇರಿದ ಮೇಲೆ ಹದ್ದುಬಸ್ತಿಗೆ ಅರ್ಜಿ ಕೊಡಬೇಕು. ನಿಗದಿಯಾದ ಶುಲ್ಕ ಕಟ್ಟಿದರೆ ಸರಕಾರಿ ಭೂಮಾಪಕರು ಅಕ್ಕಪಕ್ಕದ ಹಿಡುವಳಿದಾರರಿಗೆ ಮುಂಚಿತವಾಗಿ ನೋಟೀಸು ಕೊಟ್ಟು, ಮೂಲ ದಾಖಲೆಯಂತೆ ಅಳೆದು, ಗಡಿಯನ್ನು ತೋರಿಸಿ, ನಕ್ಷೆ ತಯಾರಿಸುತ್ತಾರೆ. ಇಲ್ಲಿ ಒಂದು ವಿಷಯವನ್ನು ಒತ್ತಿ ಹೇಳಬೇಕಾಗಿದೆ. ನೆರೆಯವರಿಗೆ ನೋಟೀಸು ಮುಟ್ಟದೆ, ಅವರಿಲ್ಲದ ಹೊತ್ತಿನಲ್ಲಿ ಆದ ಅಳತೆ ನಿಮಗೆ ಎಷ್ಟೇ ಅನುಕೂಲವಾಗಿದ್ದರೂ ಮುಂದೆ ನ್ಯಾಯಾಲಯದಲ್ಲಿ ನಿಲ್ಲುವುದು ಕಷ್ಟ. ಅವರು ಬಂದು ನಿಲ್ಲಲಿ, ತಕರಾರಿದ್ದರೆ ಬರೆದುಕೊಡಲಿ. ಅಳತೆ ಒಪ್ಪದಿದ್ದವರು ಭೂದಾಖಲೆಗಳ ಮೇಲಧಿಕಾರಿಗಳಲ್ಲಿ ಮೇಲ್ಮನವಿ ಸಲ್ಲಿಸಬಹುದು.

ಇನ್ನೆರಡು ಎಚ್ಚರಿಕೆಗಳುಂಟು. ಒಂದೇ ಸರ್ವೆ ನಂಬರಿನಲ್ಲಿ ನಾಲ್ಕಾರು ಖಾತೆದಾರರಿದ್ದು ಪೋಡಿ ಆಗಿರದಿದ್ದರೆ ಅವರವರ ನಡುವಿನ ಗೆರೆ ದಾಖಲೆಯಲ್ಲಿ ಹುಟ್ಟಿಯೇ ಇರುವುದಿಲ್ಲ. ಇಲ್ಲದ ಗೆರೆಯನ್ನು ಭೂಮಾಪಕರು ತೋರಿಸಲಾರರು. ಅಂಥಲ್ಲಿ ಮೊದಲು ಪೋಡಿ ಆಗಬೇಕು. ಎರಡನೆಯದಾಗಿ, ತಕರಾರಿನ ಪಟ್ಟಿಯು ಹಳ್ಳ, ದಾರಿಗಳಂತಹ ಸಾರ್ವಜನಿಕ ಉಪಯೋಗದ 'ಬ' ಖರಾಬಿಗೆ ಸೇರಿದ್ದಾದರೆ ಅದು ಇಬ್ಬರದೂ ಅಲ್ಲ. ತಮ್ಮದಲ್ಲದ ನೆಲಕ್ಕಾಗಿ ಎರಡು ಮನೆತನಗಳು ಹೊಡೆದಾಡಿದ ಉದಾಹರಣೆಗಳನ್ನು ನಾವು ಬಲ್ಲೆವು.

ಮನೆಯ ಜಾಗದ ಅಳತೆ

ಹೊಲಕ್ಕಿರುವ ಟಿಪ್ಪಣಿಯ ಅನುಕೂಲ ಹಳ್ಳಿಯ ಮನೆಗಳಿಗೆ ಇರಲಿಲ್ಲ. ಗ್ರಾಮಠಾಣೆಯೊಳಗಿನ ಮನೆ, ಹಿತ್ತಲುಗಳು ಬಹುಕಾಲ ಪಂಚಾಯಿತಿಯ ಉತಾರದ ಮೇಲೆಯೇ ನಡೆದುಬಂದವು. 2013ರಲ್ಲಿ ಬಂದ ಇ-ಸ್ವತ್ತು ವ್ಯವಸ್ಥೆಯಿಂದ ಪಂಚಾಯಿತಿಯ ಆಸ್ತಿಗಳಿಗೆ 9 ಮತ್ತು 11ನೆಯ ನಮೂನೆಗಳು ಗಣಕದಲ್ಲಿ ದೊರೆಯುವಂತಾಯಿತು. 2020ರ ಏಪ್ರಿಲ್ 24ರಂದು ಕೇಂದ್ರ ಸರಕಾರ ಆರಂಭಿಸಿದ ಸ್ವಾಮಿತ್ವ ಯೋಜನೆಯಲ್ಲಿ ಗ್ರಾಮಠಾಣೆಯ ಮನೆಗಳನ್ನು ಡ್ರೋನ್ ಹಾರಿಸಿ ಅಳೆಯುವ ಕಾರ್ಯ ಕೈಗೊಳ್ಳಲಾಯಿತು. ನಿಮ್ಮ ಊರಿನಲ್ಲಿ ಅಂತಹ ಅಳತೆ ನಡೆಯುವಾಗ ಮನೆಯ ಹಿರಿಯರೊಬ್ಬರು ಖುದ್ದಾಗಿ ನಿಂತು ತಮ್ಮ ಎಲ್ಲೆಯನ್ನು ತೋರಿಸುವುದು ಅವಶ್ಯ. ಅಂದು ತೋರಿಸದವರು ಮುಂದೆ ವರ್ಷಗಟ್ಟಲೆ ಅಲೆಯಬೇಕಾದೀತು. ಹುಬ್ಬಳ್ಳಿ, ಧಾರವಾಡ, ಬೆಳಗಾವಿಗಳಂತಹ ಪಟ್ಟಣಗಳಲ್ಲಿ ಸಿಟಿ ಸರ್ವೆ ಕಚೇರಿಯ ನಕ್ಷೆ ದೊರೆಯುತ್ತದೆ.

ಮನೆಯ ಜಾಗದ ವ್ಯಾಜ್ಯದಲ್ಲಿ ಖರೀದಿ ಪತ್ರದ ಚಕ್ಕುಬಂದಿಗೆ ದೊಡ್ಡ ಬೆಲೆಯುಂಟು. ಪೂರ್ವಕ್ಕೆ ಇಂಥವರ ಮನೆ, ಪಶ್ಚಿಮಕ್ಕೆ ಓಣಿಯ ದಾರಿ, ಉತ್ತರಕ್ಕೆ ಇಂಥವರ ಹಿತ್ತಲು ಎಂದು ಪತ್ರದಲ್ಲಿ ಬರೆದ ಎಲ್ಲೆಗಳೇ ಚಕ್ಕುಬಂದಿ. ಪತ್ರದಲ್ಲಿ ಕಾಣಿಸಿದ ಅಳತೆಗೂ ಚಕ್ಕುಬಂದಿಗೂ ಹೊಂದಿಕೆಯಾಗದಿದ್ದರೆ ಸಾಮಾನ್ಯವಾಗಿ ಚಕ್ಕುಬಂದಿಯೇ ಮೇಲೆಂದು ನ್ಯಾಯಾಲಯಗಳು ಎಣಿಸುತ್ತ ಬಂದಿವೆ. ಆದುದರಿಂದ ಮೂವತ್ತು ಅಡಿ ಎಂದು ಪತ್ರದಲ್ಲಿದೆ, ನೆಲದ ಮೇಲೆ ಇಪ್ಪತ್ತೊಂಬತ್ತೇ ಇದೆ, ಉಳಿದ ಒಂದಡಿ ನೆರೆಯವನು ನುಂಗಿದ್ದಾನೆಂದು ಒಮ್ಮೆಲೇ ನಿರ್ಧರಿಸುವುದು ತಪ್ಪು. ನೆರೆಯವರ ಪತ್ರವನ್ನೂ ಕೇಳಿ ನೋಡಿರಿ. ಇಬ್ಬರ ಮೂಲ ಪತ್ರಗಳನ್ನು ಒಂದೇ ಚಾಪೆಯ ಮೇಲೆ ಬಿಡಿಸಿಟ್ಟು ಓದಿದರೆ ಅರ್ಧ ಜಗಳ ಅಲ್ಲಿಯೇ ಕರಗುವುದುಂಟು.

ದಾವೆಯ ರೂಪ

ಅಳತೆಯಾಯಿತು, ನಿಮ್ಮ ನೆಲ ಆಚೆಗೆ ಸೇರಿದೆಯೆಂದು ನಕ್ಷೆ ಹೇಳಿತು, ನೆರೆಯವರು ಬಿಡಲೊಪ್ಪರು ಎಂದಿಟ್ಟುಕೊಳ್ಳೋಣ. ಭೂಮಾಪಕರು ಗೆರೆಯನ್ನು ತೋರಿಸಬಲ್ಲರು, ಯಾರನ್ನೂ ಎಬ್ಬಿಸಲಾರರು. ಪೊಲೀಸರು ಹೊಡೆದಾಟವನ್ನು ತಡೆಯಬಲ್ಲರು, ಹಕ್ಕನ್ನು ನಿರ್ಣಯಿಸಲಾರರು. ಇನ್ನುಳಿಯುವುದು ಸಿವಿಲ್ ನ್ಯಾಯಾಲಯ.

ದಾವೆಯ ಅರ್ಜಿಯಲ್ಲಿ ಸ್ವತ್ತಿನ ವಿವರ ಸ್ಪಷ್ಟವಾಗಿರಬೇಕೆಂದೂ, ಎಲ್ಲೆಗಳಿಂದ ಅಥವಾ ಸರ್ವೆ ನಂಬರಿನಿಂದ ಅದನ್ನು ಗುರುತಿಸುವಂತಿದ್ದರೆ ಅವನ್ನು ಬರೆಯಬೇಕೆಂದೂ 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 7ನೆಯ ಆದೇಶದ 3ನೆಯ ನಿಯಮ ವಿಧಿಸುತ್ತದೆ. ಇಡೀ ಹೊಲದ ಚಕ್ಕುಬಂದಿ ಬರೆದರೆ ಸಾಲದು. ತಕರಾರಿನಲ್ಲಿರುವ ಆ ತುಂಡನ್ನೇ, ಅದರ ಉದ್ದ ಅಗಲಗಳೊಂದಿಗೆ, ಕೈನಕ್ಷೆಯಲ್ಲಿ ಅಕ್ಷರ ಹಾಕಿ ತೋರಿಸಬೇಕು. ಇಲ್ಲದಿದ್ದರೆ ಗೆದ್ದ ಮೇಲೂ ಆ ಡಿಕ್ರಿಯನ್ನು ನೆಲದ ಮೇಲೆ ಜಾರಿ ಮಾಡಲಾಗದು.

ಅನಂತರ ಬೇಡಿಕೆಯ ಮಾತು. ನೀವು ವಶದಲ್ಲಿದ್ದು, ನಿಮ್ಮ ಹಕ್ಕಿಗೆ ಗಂಭೀರ ತಕರಾರಿಲ್ಲದೆ, ಎದುರಿನವರು ಸುಮ್ಮನೆ ಅಡ್ಡಿ ಮಾಡುತ್ತಿದ್ದರೆ ಪ್ರತಿಬಂಧಕಾಜ್ಞೆಯೊಂದೇ ಸಾಕು. ನೀವು ವಶ ಕಳೆದುಕೊಂಡಿದ್ದರೆ ವಶ ಮರಳಿ ಕೊಡಿಸುವಂತೆ ಕೇಳಬೇಕು. ಹಕ್ಕಿನ ಮೇಲೆಯೇ ಮೋಡ ಕವಿದಿದ್ದರೆ ಹಕ್ಕಿನ ಘೋಷಣೆಯನ್ನೂ ಅದರೊಂದಿಗೆ ಕೇಳಬೇಕು. 2008ರಲ್ಲಿ ಸರ್ವೋಚ್ಚ ನ್ಯಾಯಾಲಯವು ಒಂದು ತೀರ್ಪಿನಲ್ಲಿ ಈ ಭೇದಗಳನ್ನು ಬಿಡಿಬಿಡಿಯಾಗಿ ವಿವರಿಸಿದೆ. ಗೋಡೆ ಎದ್ದುಬಿಟ್ಟಿದ್ದರೆ ಅದನ್ನು ತೆಗೆಸುವ ಕಡ್ಡಾಯ ಆಜ್ಞೆಯನ್ನು ಕೇಳಬೇಕು, ಅದೂ ತಡಮಾಡದೆ. ಮನೆ ಪೂರ್ಣವಾಗಿ ಕಟ್ಟಿ ಮುಗಿಯುವವರೆಗೆ ಸುಮ್ಮನೆ ನೋಡುತ್ತಿದ್ದು ಆಮೇಲೆ ಬಂದವರಿಗೆ ನ್ಯಾಯಾಲಯವು ಗೋಡೆ ಕೆಡವಿಸುವ ಬದಲು ಪರಿಹಾರದ ಹಣವನ್ನಷ್ಟೇ ಕೊಡಿಸಬಹುದು.

ಬಲಾತ್ಕಾರದಿಂದ ವಶ ತಪ್ಪಿಸಲ್ಪಟ್ಟವರಿಗೆ 1963ರ ನಿರ್ದಿಷ್ಟ ಪರಿಹಾರ ಅಧಿನಿಯಮದ 6ನೆಯ ಕಲಮಿನಲ್ಲಿ ಒಂದು ಶೀಘ್ರ ಮಾರ್ಗವುಂಟು. ಆರು ತಿಂಗಳೊಳಗೆ ದಾವೆ ಹೂಡಿದರೆ ಹಕ್ಕು ಯಾರದೆಂಬ ಗೊಡವೆಗೇ ಹೋಗದೆ, ಕಾನೂನಿನ ದಾರಿ ಬಿಟ್ಟು ವಶ ತಪ್ಪಿಸಲಾಗಿದೆಯೆಂಬುದು ಸಿದ್ಧವಾದರೆ ನ್ಯಾಯಾಲಯ ವಶ ಮರಳಿಸುತ್ತದೆ. ಇದರ ಹಿಂದಿನ ತತ್ತ್ವವನ್ನು ನಮ್ಮ ನಾಡಿನಿಂದಲೇ ಹೋದ ಒಂದು ಮೊಕದ್ದಮೆಯಲ್ಲಿ ಸರ್ವೋಚ್ಚ ನ್ಯಾಯಾಲಯದ ಮೂವರು ನ್ಯಾಯಮೂರ್ತಿಗಳ ಪೀಠ 2003ರ ಡಿಸೆಂಬರಿನಲ್ಲಿ ಎತ್ತಿ ಹಿಡಿದಿದೆ. ಅಲ್ಲಿಯೂ ಇಬ್ಬರು ನೆರೆಯವರ ಗಡಿಯ ತಕರಾರೇ ಇದ್ದಿತು. ವಾದಿಗೆ ತನ್ನ ಹಕ್ಕನ್ನು ಸಿದ್ಧಪಡಿಸಲಾಗಲಿಲ್ಲ, ಆದರೆ ನೆಲೆಗೊಂಡ ವಶವನ್ನು ಸಿದ್ಧಪಡಿಸಿದ್ದನು. ನೆಲೆಗೊಂಡ ವಶದಲ್ಲಿರುವವನನ್ನು ನಿಜವಾದ ಒಡೆಯನೂ ಕಾನೂನಿನ ಕ್ರಮದಿಂದಲ್ಲದೆ ತೋಳ್ಬಲದಿಂದ ಎಬ್ಬಿಸುವಂತಿಲ್ಲವೆಂದು ತೀರ್ಪಾಯಿತು. "ನನ್ನ ನೆಲ, ನಾನು ಕಿತ್ತುಕೊಂಡೆ" ಎನ್ನುವವರು ಈ ಮಾತನ್ನು ಗಮನಿಸಬೇಕು. ಸರಕಾರ ನೆಟ್ಟ ಬಾಂದುಗಲ್ಲನ್ನು ಕೀಳುವುದಂತೂ ಶಿಕ್ಷೆಗೆ ಗುರಿಯಾಗುವ ಅಪರಾಧ.

ನ್ಯಾಯಾಲಯದ ಕಣ್ಣು

ಪ್ರಶ್ನೆ ಗೆರೆಯದೇ ಆಗಿದ್ದರೆ ಸಾಕ್ಷಿಗಳ ಬಾಯಿಮಾತಿನಿಂದ ಅದು ಬಗೆಹರಿಯದು. ಸಂಹಿತೆಯ 26ನೆಯ ಆದೇಶದ 9ನೆಯ ನಿಯಮದಂತೆ ನ್ಯಾಯಾಲಯವು ಕಮಿಷನರರನ್ನು ನೇಮಿಸಿ ಸ್ಥಳದ ಅಳತೆ ಮಾಡಿಸಬಹುದು. ಭೂಮಾಪನ ಇಲಾಖೆಯ ಅಧಿಕಾರಿಗಳನ್ನೇ ಕಮಿಷನರರನ್ನಾಗಿ ನೇಮಿಸುವ ರೂಢಿಯುಂಟು. ಗಡಿ ಗುರುತಿಸುವುದೇ ವಿವಾದವಾಗಿದ್ದಾಗ ಇಂತಹ ಕಮಿಷನರರನ್ನು ನೇಮಿಸುವುದು ತಕ್ಕದ್ದೆಂದು ಸರ್ವೋಚ್ಚ ನ್ಯಾಯಾಲಯ 2008ರ ಇನ್ನೊಂದು ಪ್ರಕರಣದಲ್ಲಿ ಹೇಳಿತು. ಕಮಿಷನರರ ವರದಿ ಒಂದು ಸಾಕ್ಷ್ಯ, ತೀರ್ಪಲ್ಲ. ಅದಕ್ಕೆ ಆಕ್ಷೇಪಣೆ ಸಲ್ಲಿಸಬಹುದು, ಅವರನ್ನು ಪ್ರಶ್ನಿಸಲೂಬಹುದು. ಆದರೆ ವಶದಲ್ಲಿ ಯಾರಿದ್ದಾರೆಂದು ಹುಡುಕಿಸುವುದಕ್ಕೆ ಕಮಿಷನರರನ್ನು ಕೇಳಿದರೆ ಅರ್ಜಿ ಸಾಮಾನ್ಯವಾಗಿ ನಿಲ್ಲದು. ಅದು ನಿಮ್ಮ ಸಾಕ್ಷ್ಯದಿಂದ ನೀವೇ ತೋರಿಸಬೇಕಾದ ಸಂಗತಿ.

ದಾವೆ ನಡೆಯುವಾಗ ಗೋಡೆ ಏಳದಂತೆ ತಡೆಯಲು ತಾತ್ಕಾಲಿಕ ಪ್ರತಿಬಂಧಕಾಜ್ಞೆ ಕೇಳುವುದು ವಾಡಿಕೆ. ಮೇಲ್ನೋಟಕ್ಕೆ ನಿಮ್ಮ ಪಕ್ಷದಲ್ಲಿ ಹುರುಳಿದೆಯೆ, ಅನುಕೂಲ ಅನನುಕೂಲಗಳ ತಕ್ಕಡಿ ಯಾವ ಕಡೆಗೆ ವಾಲುತ್ತದೆ, ಆಜ್ಞೆ ಸಿಗದಿದ್ದರೆ ತುಂಬಲಾರದ ಹಾನಿಯಾಗುವುದೆ ಎಂಬ ಮೂರನ್ನು ನ್ಯಾಯಾಧೀಶರು ತೂಗಿ ನೋಡುತ್ತಾರೆ. ಹದ್ದುಬಸ್ತಿನ ನಕ್ಷೆ ಕೈಯಲ್ಲಿದ್ದವರ ಮಾತಿಗೂ ಬರಿಗೈಯವರ ಮಾತಿಗೂ ವ್ಯತ್ಯಾಸ ಗೊತ್ತಾಗುವುದು ಇಲ್ಲಿಯೇ. ಆಜ್ಞೆಯನ್ನು ಮೀರಿದವರ ಆಸ್ತಿ ಜಪ್ತಿಯಾಗಬಹುದು, ಮೂರು ತಿಂಗಳವರೆಗೆ ಸಿವಿಲ್ ಸೆರೆಮನೆಯೂ ಆಗಬಹುದು. ಎದುರಿನವರೇ ಮೊದಲು ಹೋಗಿ ನಿಮ್ಮನ್ನು ಕೇಳದೆ ತಡೆಯಾಜ್ಞೆ ತಂದಾರೆಂಬ ಶಂಕೆಯಿದ್ದರೆ 148ಎ ಕಲಮಿನಂತೆ ಕೇವಿಯಟ್ ಸಲ್ಲಿಸಿರಿ. ಅದು 90 ದಿನ ಜೀವಂತವಿರುತ್ತದೆ.

ಕಾಲದ ಲೆಕ್ಕವನ್ನು ಮರೆತವರು ಬಹಳ ಮಂದಿ. ಹಕ್ಕಿನ ಆಧಾರದ ಮೇಲೆ ವಶ ಕೇಳುವ ದಾವೆಗೆ 12 ವರ್ಷದ ಅವಧಿ. ಬರಿಯ ಘೋಷಣೆಯ ದಾವೆಗೆ 3 ವರ್ಷ. ನಿಮ್ಮ ಹಕ್ಕಿಗೆ ವಿರುದ್ಧವಾಗಿ, ಎಲ್ಲರಿಗೂ ಕಾಣುವಂತೆ, ತನ್ನದೆಂದು 12 ವರ್ಷ ಅಖಂಡವಾಗಿ ಅನುಭವಿಸಿದವನು ಪ್ರತಿಕೂಲ ಸ್ವಾಧೀನದ ವಾದ ಹೂಡಬಹುದು. ಬರಿಯ ದೀರ್ಘಕಾಲದ ಸಾಗುವಳಿಯಿಂದ ಇದು ಸಿದ್ಧವಾಗದು, ಸಿದ್ಧಪಡಿಸುವ ಭಾರವೂ ಅವನದೇ. ಆದರೂ ನಿದ್ದೆಯಲ್ಲಿರುವ ಒಡೆಯನಿಗೆ ಕಾನೂನಿನ ಆಸರೆ ಕಡಿಮೆ. ಡಿಕ್ರಿ ಕೈಸೇರಿದ ಮೇಲೂ ಕಾಲದ ಕಟ್ಟಳೆಯುಂಟು. ವಶದ ಡಿಕ್ರಿಯನ್ನು 12 ವರ್ಷದೊಳಗೆ ಅಮಲ್ಜಾರಿಗೆ ತರಬಹುದು. ಗೋಡೆ ತೆಗೆಸುವ ಕಡ್ಡಾಯ ಆಜ್ಞೆಯ ಡಿಕ್ರಿಗೆ ಮೂರೇ ವರ್ಷ. ಗೆದ್ದೆವೆಂದು ಕಾಗದವನ್ನು ಪೆಟ್ಟಿಗೆಯಲ್ಲಿಟ್ಟು ಮರೆತವರು ಆ ಮೂರು ವರ್ಷ ಕಳೆದ ಮೇಲೆ ಸೋತವರಂತೆಯೇ ಆಗುತ್ತಾರೆ.

ಮೇಲ್ಮನವಿ, ಅದರ ಮೇಲೆ ಉಚ್ಚ ನ್ಯಾಯಾಲಯಕ್ಕೆ ಎರಡನೆಯ ಮೇಲ್ಮನವಿ. ಇದು ಕಾನೂನಿನ ಮಹತ್ತ್ವದ ಪ್ರಶ್ನೆ ಇದ್ದರೆ ಮಾತ್ರ ನಿಲ್ಲುತ್ತದೆ. 2008ರಲ್ಲಿ ಧಾರವಾಡ ಮತ್ತು ಕಲಬುರಗಿಗಳಲ್ಲಿ ಉಚ್ಚ ನ್ಯಾಯಾಲಯದ ಪೀಠಗಳು ಆರಂಭವಾದ ಮೇಲೆ ಉತ್ತರದ ಜಿಲ್ಲೆಯವರಿಗೆ ಬೆಂಗಳೂರಿನ ಪ್ರಯಾಣ ತಪ್ಪಿತೆಂಬುದು ಸಮಾಧಾನದ ಸಂಗತಿ. ಆದರೆ ವರ್ಷಗಳು ಕಳೆಯುವುದು ತಪ್ಪಿಲ್ಲ.

ರಾಜಿಯ ದಾರಿ

"ಗೆದ್ದವ ಸೋತ, ಸೋತವ ಸತ್ತ" ಎಂಬ ನಮ್ಮ ಹಿರಿಯರ ಗಾದೆ ಇಂತಹ ವ್ಯಾಜ್ಯಗಳನ್ನು ಕಂಡೇ ಹುಟ್ಟಿರಬೇಕು. ರಾಜಿಯೆಂದರೆ ದುರ್ಬಲರ ದಾರಿಯೆಂಬ ಭಾವನೆ ಸರಿಯಲ್ಲ. ಕಾನೂನೇ ಅದಕ್ಕೆ ಬಾಗಿಲು ತೆರೆದಿಟ್ಟಿದೆ. ಸಂಹಿತೆಯ 89ನೆಯ ಕಲಮಿನಂತೆ ನ್ಯಾಯಾಧೀಶರೇ ಪ್ರಕರಣವನ್ನು ಮಧ್ಯಸ್ಥಿಕೆಗೋ ಲೋಕ ಅದಾಲತ್ತಿಗೋ ಕಳಿಸಬಹುದು. 2007ರಲ್ಲಿ ಬೆಂಗಳೂರಿನಲ್ಲಿ ಮಧ್ಯಸ್ಥಿಕೆ ಕೇಂದ್ರ ತೆರೆಯಿತು. 1987ರ ಕಾನೂನು ಸೇವೆಗಳ ಪ್ರಾಧಿಕಾರ ಅಧಿನಿಯಮದಂತೆ ಲೋಕ ಅದಾಲತ್ತಿನಲ್ಲಾದ ರಾಜಿಗೆ ಡಿಕ್ರಿಯಷ್ಟೇ ಬಲ. ಅದರ ಮೇಲೆ ಮೇಲ್ಮನವಿಯಿಲ್ಲ, ಕಟ್ಟಿದ ಕೋರ್ಟು ಶುಲ್ಕವೂ ಮರಳಿ ಬರುತ್ತದೆ. ದಾವೆ ಹೂಡುವುದಕ್ಕಿಂತ ಮೊದಲೇ ತಾಲ್ಲೂಕು ಕಾನೂನು ಸೇವಾ ಸಮಿತಿಗೆ ಅರ್ಜಿ ಕೊಟ್ಟು ಅಲ್ಲಿಯೇ ಬಗೆಹರಿಸಿಕೊಳ್ಳಲೂ ಅವಕಾಶವುಂಟು. ಮಹಿಳೆಯರಿಗೆ ಅವರ ಆದಾಯ ಎಷ್ಟೇ ಇರಲಿ, ಈ ಅಧಿನಿಯಮದಲ್ಲಿ ಉಚಿತ ಕಾನೂನು ನೆರವಿನ ಹಕ್ಕಿದೆ. ಗಂಡನಿಲ್ಲದೆ ಹೊಲ ನೋಡಿಕೊಳ್ಳುವ ತಾಯಂದಿರು ಇದನ್ನು ತಿಳಿದಿರಬೇಕು.

ನಮ್ಮ ಸಮಾಜದಲ್ಲಿ ಹಿರಿಯರ ಮುಂದೆ, ಮಠದ ಮುಂದೆ ಕುಳಿತು ವ್ಯಾಜ್ಯ ಕಳೆದುಕೊಳ್ಳುವ ಪರಂಪರೆ ಹಳೆಯದು. ಚಿತ್ರದುರ್ಗ ಜಿಲ್ಲೆಯ ಸಿರಿಗೆರೆಯ ತರಳಬಾಳು ಬೃಹನ್ಮಠದಲ್ಲಿ ಸೋಮವಾರಗಳಂದು ನಡೆಯುವ ಸದ್ಧರ್ಮ ನ್ಯಾಯಪೀಠ ನಾಡಿಗೆಲ್ಲ ಪರಿಚಿತ. ಅಂತಹ ಕಡೆಗಳಲ್ಲಿ ಒಪ್ಪಿಕೊಂಡ ಮಾತನ್ನು ಬಾಯಿಮಾತಿನಲ್ಲಿಯೇ ಬಿಡಬಾರದೆಂಬುದು ನಮ್ಮ ಸೂಚನೆ. ದಾವೆ ನಡೆಯುತ್ತಿದ್ದರೆ ಇಬ್ಬರೂ ಸಹಿ ಮಾಡಿದ ರಾಜಿಪತ್ರವನ್ನು ನ್ಯಾಯಾಲಯಕ್ಕೆ ಕೊಟ್ಟು ಡಿಕ್ರಿ ಪಡೆಯಿರಿ. ದಾವೆ ಇಲ್ಲದಿದ್ದರೆ, ಒಬ್ಬರ ನೆಲ ಇನ್ನೊಬ್ಬರಿಗೆ ಹೋಗುವಂತಹ ಒಪ್ಪಂದವಾದರೆ ಪತ್ರವನ್ನು ನೋಂದಾಯಿಸಿರಿ. ಎರಡು ಸಂದರ್ಭಗಳಲ್ಲಿಯೂ ಹೊಸ ಗೆರೆಯ ನಕ್ಷೆ ಅದರೊಡನೆ ಇರಲಿ. ಇಂದಿನ ಇಬ್ಬರು ಹಿರಿಯರ ಸ್ನೇಹ ನಾಳಿನ ಮೊಮ್ಮಕ್ಕಳಿಗೆ ಕಾಗದದಲ್ಲಿ ಮಾತ್ರ ತಲುಪುತ್ತದೆ.

ನಮ್ಮ ಮನೆಯ ಕಥೆಯ ಉಳಿದ ಭಾಗವನ್ನು ಹೇಳಿ ಮುಗಿಸುತ್ತೇವೆ. 1994ರಲ್ಲಿ ನಾವು ಅಣ್ಣತಮ್ಮಂದಿರು ವಾಟಣಿ ಮಾಡಿಕೊಂಡಾಗ ಪೋಡಿಗಾಗಿ ಹೊಲ ಅಳೆಯಬೇಕಾಯಿತು. ನೆರೆಹೊಲದವರಿಗೆ ನೋಟೀಸು ಹೋಯಿತು. ದೊಡ್ಡಪ್ಪನವರ ಹಿರಿಯ ಮಗ ಬಂದು ದೂರದಲ್ಲಿ ನಿಂತರು. ಭೂಮಾಪಕರು ಟಿಪ್ಪಣಿ ನೋಡಿ ತೋರಿಸಿದ ಜಾಗದಲ್ಲಿ ಜಾಲಿಯ ಪೊದೆ ಕಡಿದು ಅಗೆದಾಗ ಹಳೆಯ ಬಾಂದುಗಲ್ಲು ದೊರೆಯಿತು. ಅಳತೆ ಮುಗಿದಾಗ ತಿಳಿದದ್ದಿಷ್ಟು: ತಕರಾರಿನ ಆರು ಗುಂಟೆಯಲ್ಲಿ ಎರಡು ನಮ್ಮವು, ನಾಲ್ಕು ಅವರವು. ನಮ್ಮ ತಂದೆಯವರು ಬಹಳ ಹೊತ್ತು ಆ ಕಲ್ಲಿನ ಬಳಿ ಕುಳಿತಿದ್ದರು. ಕೊನೆಗೆ ಎದ್ದು, "ತಮ್ಮಾ, ನಿಮ್ಮಪ್ಪನ ಮಣ್ಣಿಗೆ ನಾನು ಬರಲಿಲ್ಲ" ಎಂದಷ್ಟೇ ಅಂದರು. ಆ ಮಗ ಉತ್ತರ ಕೊಡಲಿಲ್ಲ; ಕಲ್ಲನ್ನು ನೆಟ್ಟಗೆ ನಿಲ್ಲಿಸಲು ಕೈಹಚ್ಚಿದರು. ಎರಡು ಗುಂಟೆಯನ್ನು ಮರುವರ್ಷದ ಬಿತ್ತಿಗೆಗೆ ಅವರೇ ಬಿಟ್ಟುಕೊಟ್ಟರು. ಆ ವೇಳೆಗೆ ಊರಿಗೆ ನಳದ ನೀರು ಬಂದಿದ್ದಿತು. ಆದರೂ ನಮ್ಮ ತಾಯಿಯವರು ಮರುದಿನ ಕೊಡ ಹಿಡಿದು ಆ ಬಾವಿಗೆ ಹೋಗಿ ಬಂದರು.

ಒಂದು ದಿನದ ಅಳತೆಯಿಂದ ತಿಳಿಯಬಹುದಾಗಿದ್ದುದನ್ನು ಎರಡು ಮನೆತನಗಳು ಹದಿಮೂರು ವರ್ಷ ತಿಳಿಯದೆ ಉಳಿದವು. ಆದುದರಿಂದ ಪತ್ರ ಬರೆದ ಬಂಧುಗಳಿಗೆ ನಮ್ಮ ಉತ್ತರ ಇಷ್ಟೇ. ನಿಮ್ಮ ಕಾಗದಪತ್ರಗಳನ್ನು ತೆಗೆದು ಓದಿರಿ. ನೆರೆಯವರನ್ನು ಕರೆದು, ಅವರೆದುರಿಗೆ ಅಳತೆ ಮಾಡಿಸಿರಿ. ಅದರಿಂದಲೂ ಮುಗಿಯದಿದ್ದರೆ ಆ ನಕ್ಷೆಯೊಡನೆ ಒಳ್ಳೆಯ ವಕೀಲರ ಬಳಿ ಹೋಗಿ, ಯಾವ ಪ್ರಶ್ನೆಗೆ ಉತ್ತರ ಬೇಕೆಂಬುದನ್ನು ನಿಶ್ಚಯಿಸಿಕೊಂಡು, ಅವಧಿ ಮೀರುವ ಮುನ್ನ ದಾವೆ ಹೂಡಿರಿ. ನ್ಯಾಯಾಲಯಕ್ಕೆ ಹೋಗುವುದು ನಿಮ್ಮ ಹಕ್ಕು, ಅದಕ್ಕೆ ನಾಚಬೇಕಾದುದಿಲ್ಲ. ಆದರೆ ದಾವೆಯು ನ್ಯಾಯಾಲಯದ ಆವರಣದಲ್ಲಿಯೇ ಇರಲಿ. ಮದುವೆಯ ಚಪ್ಪರಕ್ಕೆ, ಮಣ್ಣಿನ ಮೆರವಣಿಗೆಗೆ, ಕುಡಿಯುವ ನೀರಿನ ಬಾವಿಗೆ ಅದನ್ನು ಹೊತ್ತೊಯ್ಯದಿರೋಣ.